ಮೊರಕ್ಕೂ ಭತ್ತಕ್ಕೂ ಇರುವ ನಂಟು: ಶತಪಥ ಬ್ರಾಹ್ಮಣದ ಒಂದು ಓದು



ಶತಪಥ ಬ್ರಾಹ್ಮಣ ತೊಡಗುವುದು ಒಬ್ಬ ಮನುಷ್ಯ ನೀರು ಮುಟ್ಟುವುದರಿಂದ. ಹುಣ್ಣಿಮೆ ಅಮಾವಾಸ್ಯೆಗಳಲ್ಲಿ ಮಾಡುವ ಇಷ್ಟಿ ಎಂಬ ಯಜ್ಞಕ್ಕೆ ವ್ರತ ಹಿಡಿಯಲಿರುವ ಯಜಮಾನ ಆಹವನೀಯ, ಗಾರ್ಹಪತ್ಯ ಎಂಬ ಎರಡು ಅಗ್ನಿಗಳ ನಡುವೆ ಪೂರ್ವಕ್ಕೆ ಮುಖಮಾಡಿ ನಿಂತು ನೀರು ಮುಟ್ಟುತ್ತಾನೆ. ಯಾಕೆ ಮುಟ್ಟಬೇಕು ಎಂಬ ಪ್ರಶ್ನೆಯೂ ಅಲ್ಲೇ ಏಳುತ್ತದೆ. ಮನುಷ್ಯ ಸುಳ್ಳಾಡುವವನು, ಅದರಿಂದ ಅವನ ಒಳಗು ಕೆಟ್ಟಿರುತ್ತದೆ, ನೀರು ಶುದ್ಧವಾದದ್ದು, ಆದ್ದರಿಂದ ಮುಟ್ಟುತ್ತಾನೆ ಎಂದು ಉತ್ತರ. ಮುಂದುವರಿದು, ದೇವತೆಗಳೆಂದರೆ ಸತ್ಯ, ಮನುಷ್ಯರೆಂದರೆ ಅನೃತ, ವ್ರತ ಹಿಡಿಯುವವನು ಅನೃತದಿಂದ ಸತ್ಯದ ಕಡೆಗೆ ಹೋಗುತ್ತಾನೆ ಎನ್ನುತ್ತದೆ. ಹಾಗಾದರೆ ಇಷ್ಟಿ ಮುಗಿದು ವ್ರತ ಬಿಡುವಾಗ ಏನು ಹೇಳಬೇಕು? ಸತ್ಯದಿಂದ ಅನೃತಕ್ಕೆ ಇಳಿಯುತ್ತಿದ್ದೇನೆ ಎಂದು ಬಾಯಿಬಿಟ್ಟು ಹೇಳುವುದು ತರವಲ್ಲ. ಅದಕ್ಕೆ ಅವನು, ಈಗ ನಾನು ಯಾರಾಗಿದ್ದೆನೋ ಅವನೇ ಆಗಿದ್ದೇನೆ ಎಂದಷ್ಟೇ ಹೇಳಿ ಸುಮ್ಮನಾಗುತ್ತಾನೆ.

ಇಪ್ಪತ್ತೆರಡರ ವಯಸ್ಸಿನಲ್ಲಿ ಈ ಜಾಗವನ್ನು ಮೊದಲ ಸಲ ಓದಿದಾಗ ಪುಸ್ತಕ ಮುಚ್ಚಿಟ್ಟು ಬಹಳ ಹೊತ್ತು ಕುಳಿತಿದ್ದೆ. ಕರ್ಮಕಾಂಡವೆಂದರೆ ಒಣ ವಿಧಿಗಳ ಪಟ್ಟಿ, ವಿಚಾರ ಶುರುವಾಗುವುದು ಉಪನಿಷತ್ತಿನಿಂದ ಎಂದು ನಮಗೆ ಪಾಠವಾಗಿತ್ತು. ಆ ಪಾಠ ತಪ್ಪು ಎಂಬ ಅನುಮಾನ ಅಂದೇ ಹುಟ್ಟಿತು. ಇವತ್ತು ಅದನ್ನು ಅನುಮಾನ ಎನ್ನುವುದಿಲ್ಲ.

ಮೊದಲು ಗ್ರಂಥದ ಮೈಕಟ್ಟು. ಶುಕ್ಲ ಯಜುರ್ವೇದಕ್ಕೆ ಸೇರಿದ ಶತಪಥ ನಮಗೆ ಎರಡು ಪಾಠಗಳಲ್ಲಿ ಉಳಿದು ಬಂದಿದೆ. ಮಾಧ್ಯಂದಿನ ಪಾಠದಲ್ಲಿ 14 ಕಾಂಡ, 100 ಅಧ್ಯಾಯ. ನೂರು ದಾರಿ ಎಂಬ ಹೆಸರು ಬಂದದ್ದು ಅದರಿಂದ. ಕಾಣ್ವ ಪಾಠದಲ್ಲಿ 17 ಕಾಂಡ, 104 ಅಧ್ಯಾಯ. ನಮ್ಮ ಸೀಮೆಯಲ್ಲಿ ಕಣ್ವಶಾಖೆಯ ಮನೆಗಳು ಬಹಳವಿವೆ, ಈ ಸಭೆಯಲ್ಲೂ ಕೆಲವರು ಇದ್ದೀರಿ. ನಿಮ್ಮ ಪಾಠದಲ್ಲಿ ಮೊದಲೆರಡು ಕಾಂಡಗಳು ಅದಲುಬದಲಾಗಿವೆ: ಅಗ್ನ್ಯಾಧಾನ ಮೊದಲು, ನಾನು ಈಗ ಹೇಳಿದ ನೀರು ಮುಟ್ಟುವ ಭಾಗ ಆಮೇಲೆ. ಬ್ರಾಹ್ಮಣಗ್ರಂಥಗಳ ಪೈಕಿ ಸ್ವರಸಹಿತವಾಗಿ ಉಳಿದುಬಂದವು ತೈತ್ತಿರೀಯ ಮತ್ತು ಶತಪಥ ಎರಡೇ. ಇಷ್ಟು ದೊಡ್ಡ ಗದ್ಯಗ್ರಂಥವನ್ನು ಒಂದೊಂದು ಅಕ್ಷರದ ಏರಿಳಿತವೂ ಕೆಡದಂತೆ ಬಾಯಲ್ಲೇ ಕಾಪಾಡಿಕೊಂಡು ಬಂದರು ಎಂಬುದನ್ನು ನೆನೆದರೆ ನನಗೆ ಈಗಲೂ ಮೈ ಜುಮ್ಮೆನ್ನುತ್ತದೆ.

ಕಾಲದ ವಿಚಾರದಲ್ಲಿ ಹೆಚ್ಚು ನಿಲ್ಲುವುದಿಲ್ಲ. ಕ್ರಿಸ್ತಪೂರ್ವ 8ರಿಂದ 6ನೆಯ ಶತಮಾನದ ಆಸುಪಾಸಿನಲ್ಲಿ ಇದು ಈಗಿನ ರೂಪಕ್ಕೆ ಬಂದಿರಬೇಕೆಂದು ಹೆಚ್ಚಿನ ವಿದ್ವಾಂಸರು ಎಣಿಸುತ್ತಾರೆ. ಕೃತ್ತಿಕೆಗಳು ಪೂರ್ವದಿಕ್ಕನ್ನು ಬಿಟ್ಟು ಸರಿಯುವುದಿಲ್ಲ ಎಂಬ ಮಾತು ಎರಡನೆಯ ಕಾಂಡದಲ್ಲಿದೆ. ಅದನ್ನು ಹಿಡಿದು ಖಗೋಳ ವಿದ್ವಾಂಸ ಶಂಕರ ಬಾಲಕೃಷ್ಣ ದೀಕ್ಷಿತರು ಕ್ರಿಸ್ತಪೂರ್ವ 3000ದ ಹತ್ತಿರಕ್ಕೆ ಹೋದರು. ಆ ಚರ್ಚೆ ಇನ್ನೂ ನಡೆದೇ ಇದೆ.

ಮೊದಲ ಒಂಬತ್ತು ಕಾಂಡಗಳು ವಾಜಸನೇಯಿ ಸಂಹಿತೆಯ ಮೊದಲ 18 ಅಧ್ಯಾಯಗಳ ಬೆನ್ನಿಗೇ ಸಾಗುತ್ತವೆ. ದರ್ಶಪೂರ್ಣಮಾಸ, ಅಗ್ನ್ಯಾಧಾನ, ಅಗ್ನಿಹೋತ್ರ, ಚಾತುರ್ಮಾಸ್ಯ. ಆಮೇಲೆ ಸೋಮಯಾಗ, ವಾಜಪೇಯ, ರಾಜಸೂಯ. ಆರರಿಂದ ಹತ್ತರವರೆಗೆ ಇಟ್ಟಿಗೆಗಳಿಂದ ಅಗ್ನಿವೇದಿ ಕಟ್ಟುವ ಅಗ್ನಿಚಯನ. ಹನ್ನೊಂದರಿಂದ ಆಚೆಗೆ ಬಿಟ್ಟುಹೋದವುಗಳ ಸಂಗ್ರಹ, ಸತ್ರಗಳು, ಸೌತ್ರಾಮಣಿ, ಅಶ್ವಮೇಧ, ಪಿತೃಮೇಧ, ಪ್ರವರ್ಗ್ಯ. ಕಟ್ಟಕಡೆಗೆ ಬೃಹದಾರಣ್ಯಕ ಉಪನಿಷತ್ತು. ಮೊದಲ ಐದು ಕಾಂಡಗಳಲ್ಲಿ ಮಾತು ಮಾತಿಗೂ ಯಾಜ್ಞವಲ್ಕ್ಯರ ಹೆಸರು ಬರುತ್ತದೆ. ಆರರಿಂದ ಹತ್ತರವರೆಗೆ ಅವರ ಸುಳಿವಿಲ್ಲ, ಅಲ್ಲಿ ಪ್ರಮಾಣಪುರುಷ ಶಾಂಡಿಲ್ಯ. ಎರಡು ಬೇರೆ ನೆಲಗಳಲ್ಲಿ ಬೆಳೆದದ್ದನ್ನು ಒಂದುಗೂಡಿಸಿದ ಬೆಸುಗೆ ಕಾಣುತ್ತದೆ.

ಈಗ ಒಳಗೆ ಹೋಗೋಣ. ಇಷ್ಟಿಗೆ ಬೇಕಾದ ಸಾಮಾನುಗಳನ್ನು ಯಜ್ಞದ ಕೆಲಸಗಳನ್ನು ಕೈಯಾರೆ ನಡೆಸುವ ಪುರೋಹಿತನಾದ ಅಧ್ವರ್ಯು ಎರಡೆರಡಾಗಿ ತಂದಿಡುತ್ತಾನೆ. ಮೊರ ಮತ್ತು ಅಗ್ನಿಹೋತ್ರದ ಸೌಟು, ಮರದ ಕತ್ತಿ ಮತ್ತು ಮಡಕೆಯ ಬಿಲ್ಲೆಗಳು, ಶಮ್ಯೆ ಎಂಬ ಗೂಟ ಮತ್ತು ಕೃಷ್ಣಾಜಿನ, ಒರಳು ಒನಕೆ, ಅರೆಯುವ ಕಲ್ಲು ಮತ್ತು ಅದರ ಗುಂಡು. ಒಟ್ಟು ಹತ್ತು. ವಿರಾಜ್ ಛಂದಸ್ಸಿಗೆ ಹತ್ತು ಅಕ್ಷರ, ಯಜ್ಞವೂ ವಿರಾಜ್, ಅದಕ್ಕೆ ಹತ್ತು. ಎರಡೆರಡು ಯಾಕೆ? ಇಬ್ಬರು ಸೇರಿ ಒಂದು ಕೆಲಸಕ್ಕೆ ಕೈಹಾಕಿದರೆ ಅಲ್ಲಿ ಬಲವಿರುತ್ತದೆ, ಅದಕ್ಕೆ. ನನ್ನ ಅಜ್ಜಿಯ ಅಡುಗೆಮನೆಯ ಹಿಂದಿನ ಕೋಣೆಯಲ್ಲಿ ಈ ಹತ್ತರಲ್ಲಿ ಐದು ಇದ್ದವು. ಮೊರವನ್ನು ದಾಟಿದರೆ ಅಜ್ಜಿ ಗದರುತ್ತಿದ್ದರು, ಒನಕೆ ಕಾಲಿಗೆ ತಗುಲಿದರೆ ಮುಟ್ಟಿ ಕಣ್ಣಿಗೊತ್ತಿಕೊಳ್ಳಬೇಕಿತ್ತು.

ಆ ಮೊರದ ಬಗ್ಗೆ ಶತಪಥ ಹೇಳುವ ಮಾತು ಇಡೀ ಗ್ರಂಥದ ಕೀಲಿಕೈ ಎಂದು ನಾನು ನಂಬಿದ್ದೇನೆ. ಭತ್ತ ಕುಟ್ಟಿಯಾಯಿತು, ಇನ್ನು ಕೇರಬೇಕು. ಅಧ್ವರ್ಯು ಮೊರ ಕೈಗೆತ್ತಿಕೊಂಡು, ನೀನು ಮಳೆಯಿಂದ ಬೆಳೆದದ್ದು ಎಂದು ಅದಕ್ಕೆ ಹೇಳುತ್ತಾನೆ. ಮೊರ ಬಿದಿರಿನದಾಗಲಿ ಬೆತ್ತದ್ದಾಗಲಿ ಜೊಂಡಿನದಾಗಲಿ, ಅದನ್ನು ಬೆಳೆಸಿದ್ದು ಮಳೆ. ಭತ್ತವಾಗಲಿ ಜವೆಯಾಗಲಿ, ಅದನ್ನು ಬೆಳೆಸಿದ್ದೂ ಮಳೆ. ಕಾಳನ್ನು ಮೊರಕ್ಕೆ ಹಾಕುವಾಗ, ಮಳೆಯಲ್ಲಿ ಬೆಳೆದ ನಿನ್ನನ್ನು ಮಳೆಯಲ್ಲಿ ಬೆಳೆದದ್ದು ಗುರುತಿಸಲಿ ಎನ್ನುತ್ತಾನೆ. ಒಂದನ್ನೊಂದು ಗುರುತಿಸಿದರೆ ಒಂದನ್ನೊಂದು ನೋಯಿಸುವುದಿಲ್ಲ ಎಂಬುದು ಕಾರಣ.

ಇಂಥ ಸಂಬಂಧಕ್ಕೆ ಬ್ರಾಹ್ಮಣಗ್ರಂಥಗಳು ಬಳಸುವ ಶಬ್ದ 'ಬಂಧು'. ಆಧುನಿಕ ವ್ಯಾಖ್ಯಾನಕಾರರು ಇದನ್ನು ಸಮೀಕರಣ, ಸಾದೃಶ್ಯ, ಸಂಕೇತ ಎಂದೆಲ್ಲ ವಿವರಿಸಿದ್ದಾರೆ. ಕನ್ನಡದವರಿಗೆ ಅಷ್ಟು ದೂರ ಹೋಗುವ ಅಗತ್ಯವಿಲ್ಲ. ಬಂಧು ಎಂದರೆ ನೆಂಟ. ಬಂಧುತ್ವ ಎಂದರೆ ನಂಟಸ್ತಿಕೆ. ಮೊರಕ್ಕೂ ಭತ್ತಕ್ಕೂ ಸೋದರ ಸಂಬಂಧ, ಮಳೆ ಅವೆರಡರ ತಾಯಿ. ಶತಪಥದ ಮುಖ್ಯ ಕೆಲಸವೆಂದರೆ ಮರೆತುಹೋದ ನೆಂಟರನ್ನು ಪರಸ್ಪರ ಗುರುತು ಹಿಡಿಸುವುದು. ಜುಹೂ, ಉಪಭೃತ್ ಎಂಬ ಎರಡು ಸೌಟುಗಳು ಯಜ್ಞಪುರುಷನ ತೋಳುಗಳು, ಧ್ರುವಾ ಅವನ ಮೈ, ಚಿಕ್ಕ ಸ್ರುವ ಅವನ ಉಸಿರು. ಉಸಿರು ಎಲ್ಲ ಅಂಗಗಳಲ್ಲೂ ಓಡಾಡುವಂತೆ ಸ್ರುವ ಎಲ್ಲ ಸೌಟುಗಳ ಬಳಿಗೂ ಹೋಗುತ್ತದೆ. ಗೌರಿ ಹಬ್ಬದಲ್ಲಿ ಮೊರದ ಬಾಗಿನವನ್ನು ಸೆರಗು ಹೊದಿಸಿ ಕೊಡುವ ನಮ್ಮ ತಾಯಂದಿರು ಶತಪಥ ಓದಿದವರಲ್ಲ. ಆ ಆಚಾರ ಇದರಿಂದಲೇ ಬಂತು ಎಂದೂ ನಾನು ಹೇಳುತ್ತಿಲ್ಲ. ಆದರೆ ಆ ಮೊರ ಕಂಡಾಗಲೆಲ್ಲ ನನಗೆ ಈ ಮಾತು ನೆನಪಾಗುತ್ತದೆ.

ಹಿಟ್ಟಿನ ವಿಷಯ ಇನ್ನೂ ಆಳದ್ದು. ಪುರೋಡಾಶವೆಂದರೆ ಮಡಕೆಯ ಬಿಲ್ಲೆಗಳ ಮೇಲೆ ಬೇಯಿಸುವ ದಪ್ಪ ರೊಟ್ಟಿ. ಅಗ್ನಿಗೆ ಎಂಟು ಬಿಲ್ಲೆಗಳ ಮೇಲೆ, ಅಗ್ನೀಷೋಮರಿಗೆ ಹನ್ನೊಂದರ ಮೇಲೆ. ಮೊದಲು ದೇವತೆಗಳು ಮನುಷ್ಯನನ್ನು ಪಶುವಾಗಿ ಹಿಡಿದರಂತೆ. ಹಿಡಿದೊಡನೆ ಅವನಲ್ಲಿದ್ದ ಮೇಧ, ಅಂದರೆ ಯಜ್ಞಕ್ಕೆ ಸಲ್ಲುವ ಸಾರ, ಅವನನ್ನು ಬಿಟ್ಟು ಕುದುರೆಯನ್ನು ಹೊಕ್ಕಿತು. ಕುದುರೆಯಿಂದ ಎತ್ತಿಗೆ, ಎತ್ತಿನಿಂದ ಕುರಿಗೆ, ಕುರಿಯಿಂದ ಆಡಿಗೆ, ಆಡಿನಿಂದ ನೆಲಕ್ಕೆ. ನೆಲವನ್ನು ಅಗೆದು ಹುಡುಕಿದಾಗ ಸಿಕ್ಕಿದ್ದು ಭತ್ತ ಮತ್ತು ಜವೆ. ಆದ್ದರಿಂದ ಇದನ್ನು ತಿಳಿದವನಿಗೆ ಆ ಐದು ಪಶುಗಳಲ್ಲಿ ಎಷ್ಟು ವೀರ್ಯವೋ ಅಷ್ಟೂ ಈ ರೊಟ್ಟಿಯಲ್ಲಿದೆ. ಒಣಹಿಟ್ಟು ರೋಮ, ನೀರು ಬಿದ್ದಾಗ ಚರ್ಮ, ಕಲಸಿದಾಗ ಮಾಂಸ, ಬೆಂದು ಗಟ್ಟಿಯಾದಾಗ ಎಲುಬು, ತುಪ್ಪ ಸವರಿದಾಗ ಮಜ್ಜೆ.

ಇದರಿಂದ ಪಶುಯಾಗ ನಿಂತುಹೋಯಿತೆಂದಲ್ಲ. ಮುಂದಿನ ಕಾಂಡಗಳಲ್ಲಿ ಪಶು ಇದೆ, ಅಶ್ವಮೇಧವೂ ಇದೆ. ಆದರೆ ಕೊಲ್ಲುವ ಕೈ ಒಂದು ಕ್ಷಣ ತಡೆದು ಯೋಚಿಸಿದ್ದು ಇಲ್ಲಿ ದಾಖಲಾಗಿದೆ. ಕನ್ನಡದ ಓದುಗನಿಗೆ ಇಲ್ಲಿ ಜನ್ನ ನೆನಪಾಗದೆ ಇರುವುದಿಲ್ಲ. ಜನ್ನ ಎಂಬ ಹೆಸರೇ ಯಜ್ಞದ ತದ್ಭವ. ಆ ಹೆಸರು ಹೊತ್ತ ಜೈನಕವಿ 1209ರಲ್ಲಿ ಯಶೋಧರ ಚರಿತೆ ಬರೆದು, ಹಿಟ್ಟಿನ ಕೋಳಿಯನ್ನು ಬಲಿಕೊಟ್ಟವರೂ ಕೊಲೆಯ ಪಾಪದಿಂದ ಜನ್ಮಜನ್ಮಾಂತರ ನವೆಯುವುದನ್ನು ತೋರಿಸಿದ. ಶತಪಥ ಹೇಳುವುದು ಹಿಟ್ಟಿನಲ್ಲಿ ಪಶುವಿದೆ, ಆದ್ದರಿಂದ ಹಿಟ್ಟು ಸಾಕು ಎಂದು. ಹಿಟ್ಟಿನಲ್ಲಿ ಪಶುವಿದೆ, ಆದ್ದರಿಂದ ಹಿಟ್ಟೂ ಬೇಡ ಎನ್ನುವುದು ಜನ್ನನ ನಿಲುವು. ಎದುರುಬದುರು ನಿಂತಿದ್ದರೂ ಸಂಕಲ್ಪವೇ ಕರ್ಮದ ತಿರುಳು ಎಂಬ ಒಂದೇ ನಂಬಿಕೆಯ ಮೇಲೆ ಇಬ್ಬರೂ ನಿಂತಿದ್ದಾರೆ. ಈ ಎರಡನ್ನು ಜೊತೆಗಿಟ್ಟು ಓದುವ ವಿದ್ಯಾರ್ಥಿ ನಮ್ಮ ವಿಶ್ವವಿದ್ಯಾಲಯಗಳಲ್ಲಿ ಒಬ್ಬನಾದರೂ ಬರಲಿ ಎಂಬುದು ನನ್ನ ಬಹುದಿನದ ಆಸೆ.

ಯಜ್ಞದ ನೆಲವಾದ ವೇದಿಯ ಕತೆ ನಿಮಗೆ ಅರ್ಧ ಗೊತ್ತಿದೆ. ಗೆದ್ದ ಅಸುರರು ಎತ್ತಿನ ಚರ್ಮ ಹಾಸಿ ಭೂಮಿಯನ್ನು ಹಂಚಿಕೊಳ್ಳುತ್ತಿದ್ದಾಗ ದೇವತೆಗಳು ವಿಷ್ಣುವನ್ನು ಮುಂದಿಟ್ಟುಕೊಂಡು ಬಂದು ಪಾಲು ಕೇಳಿದರು. ವಿಷ್ಣು ಕುಳ್ಳ. ಇವನು ಮಲಗಿದಷ್ಟು ಜಾಗ ತೆಗೆದುಕೊಳ್ಳಿ ಎಂದರು ಅಸುರರು. ದೇವತೆಗಳು ಅವನನ್ನು ಮಲಗಿಸಿ ಛಂದಸ್ಸುಗಳಿಂದ ಸುತ್ತಲೂ ಬೇಲಿ ಕಟ್ಟಿ, ಅರ್ಚಿಸಿ ಶ್ರಮಿಸಿ ಇಡೀ ಭೂಮಿಯನ್ನು ಪಡೆದರು. ಬಲಿಪಾಡ್ಯಮಿಯ ದಿನ ನಾವು ನೆನೆಯುವ ಬಲೀಂದ್ರನೂ ಅವನ ತಲೆಯ ಮೇಲಿಟ್ಟ ಹೆಜ್ಜೆಯೂ ಇಲ್ಲಿಲ್ಲ. ವೇದಿ ಯಾಕೆ ಭೂಮಿಯಷ್ಟು ದೊಡ್ಡದು ಎಂಬುದಷ್ಟೇ ಇಲ್ಲಿನ ಪ್ರಶ್ನೆ. ಮನು ಮತ್ತು ಮೀನಿನ ಕತೆ, ಪುರೂರವ ಊರ್ವಶಿಯರ ಕತೆ, ವಿದೇಘ ಮಾಠವನ ಬಾಯಲ್ಲಿದ್ದ ಅಗ್ನಿ ನೆಲ ಸುಡುತ್ತಾ ಪೂರ್ವಕ್ಕೆ ನಡೆದು ಸದಾನೀರಾ ನದಿಯ ದಡದಲ್ಲಿ ನಿಂತ ಕತೆ, ಎಲ್ಲವೂ ಹೀಗೆಯೇ ಯಾವುದೋ ಒಂದು ಕೈಚಲನೆಗೆ ಕಾರಣ ಹೇಳಲು ಬಂದು ಹೋಗುತ್ತವೆ. ಪುರಾಣಗಳು ಇವನ್ನು ಬಿಡಿಸಿಕೊಂಡು ಬೆಳೆಸಿದವು.

ಈ ಕತೆಗಳಲ್ಲಿ ನನಗೆ ಅತ್ಯಂತ ಪ್ರಿಯವಾದದ್ದು ಮನಸ್ಸು ಮತ್ತು ಮಾತಿನ ಜಗಳ. ನಾನು ತಿಳಿಯದ್ದನ್ನು ನೀನು ಆಡಲಾರೆ, ನನ್ನ ಹಿಂದೆ ಬರುವವಳು ನೀನು ಎಂದಿತು ಮನಸ್ಸು. ನೀನು ತಿಳಿದದ್ದನ್ನು ಲೋಕಕ್ಕೆ ತಿಳಿಸುವವಳೇ ನಾನು ಎಂದಳು ವಾಕ್. ಪ್ರಜಾಪತಿ ಮನಸ್ಸಿನ ಪರ ತೀರ್ಪಿತ್ತ. ವಾಕ್ ನೊಂದಳು. ನಿನಗೆಂದೂ ಹವಿಸ್ಸು ಹೊತ್ತು ತರುವುದಿಲ್ಲ ಎಂದುಬಿಟ್ಟಳು. ಅದಕ್ಕೇ ಇವತ್ತಿಗೂ ಪ್ರಜಾಪತಿಗೆ ಕೊಡುವ ಆಹುತಿಯಲ್ಲಿ ಮಂತ್ರವನ್ನು ಗಟ್ಟಿಯಾಗಿ ಹೇಳುವುದಿಲ್ಲ. ಸೃಷ್ಟಿಕರ್ತನ ಮುಂದೆ ಮಾತು ತಗ್ಗುವುದಕ್ಕೆ ಭಕ್ತಿ ಕಾರಣವಲ್ಲ, ಮಾತಿಗೆ ಆದ ಅನ್ಯಾಯ ಕಾರಣ. ನ್ಯಾಯ ಹೇಳುವವನಿಗೂ ತೀರ್ಪಿನ ಬೆಲೆ ತಟ್ಟುತ್ತದೆ ಎಂಬ ಅರಿವು ಎಷ್ಟು ಹಳೆಯದು ನೋಡಿ.

ಪ್ರಜಾಪತಿಯೇ ಅಗ್ನಿಚಯನದ ಐದು ಕಾಂಡಗಳ ನಾಯಕ. ಪ್ರಜೆಗಳನ್ನು ಸೃಷ್ಟಿಸಿದ ಮೇಲೆ ಅವನ ಗಂಟುಗಳು ಸಡಿಲವಾದವು, ಮೈ ಕಳಚಿ ಬಿತ್ತು. ಅವನೆಂದರೆ ಸಂವತ್ಸರ. ಅವನ ಗಂಟುಗಳೆಂದರೆ ಹಗಲು ಇರುಳು ಕೂಡುವ ಹೊತ್ತು, ಹುಣ್ಣಿಮೆ ಅಮಾವಾಸ್ಯೆ, ಋತುಗಳ ಮೊದಲು. ದೇವತೆಗಳು ಅಗ್ನಿಹೋತ್ರದಿಂದ ಸಂಜೆ ಮುಂಜಾವಿನ ಗಂಟು ಕೂಡಿಸಿದರು, ಇಷ್ಟಿಗಳಿಂದ ಹುಣ್ಣಿಮೆ ಅಮಾವಾಸ್ಯೆಗಳದ್ದು, ಚಾತುರ್ಮಾಸ್ಯದಿಂದ ಋತುಗಳದ್ದು. ಗ್ರಂಥದ ರಚನೆ ಯಾಕೆ ಹೀಗಿದೆ ಎಂಬುದಕ್ಕೆ ಉತ್ತರ ಇಲ್ಲಿದೆ. ಮೊದಲ ಕಾಂಡಗಳು ದಿನ, ಪಕ್ಷ, ಋತುಗಳ ಗಂಟುಗಳನ್ನು ಒಂದೊಂದಾಗಿ ಕಟ್ಟುತ್ತವೆ. ಚಯನದ ಕಾಂಡಗಳು ಇಡೀ ಸಂವತ್ಸರವನ್ನೇ ಇಟ್ಟಿಗೆಯಲ್ಲಿ ಎಬ್ಬಿಸಿ ನಿಲ್ಲಿಸುತ್ತವೆ.

ಚಯನದ ಜಾಗವನ್ನು ಮೊದಲು ಹೊಲದಂತೆ ಉಳುತ್ತಾರೆ. ಎತ್ತು ಕಟ್ಟಿ, ನೇಗಿಲು ಹಿಡಿದು, ಸಾಲು ತೆಗೆದು, ಬಗೆಬಗೆಯ ಬೀಜ ಬಿತ್ತುತ್ತಾರೆ. ತಾವರೆಯೆಲೆ ಇಟ್ಟು, ಅದರ ಮೇಲೆ ಚಿನ್ನದ ಬಿಲ್ಲೆ, ಅದರ ಮೇಲೆ ಚಿನ್ನದ ಪುರುಷ. ಆಮೇಲೆ ಐದು ಪದರಗಳಲ್ಲಿ ರೆಕ್ಕೆ ಬಿಚ್ಚಿದ ಹಕ್ಕಿಯಾಕಾರದ ಚಿತಿ. ಸುತ್ತ 360 ಕಲ್ಲುಗಳು, ಅವು ರಾತ್ರಿಗಳು. ಮಂತ್ರ ಹೇಳಿ ಇಡುವ ಇಟ್ಟಿಗೆಗಳಲ್ಲಿ 360 ಹಗಲುಗಳು. ಜಾಗ ತುಂಬುವ ಲೋಕಂಪೃಣ ಇಟ್ಟಿಗೆಗಳು 10,800. ದಿನಕ್ಕೆ 30 ಮುಹೂರ್ತ, 360 ದಿನಕ್ಕೆ 10,800 ಮುಹೂರ್ತ. ಲೆಕ್ಕ ಅಲ್ಲಿಗೇ ನಿಲ್ಲುವುದಿಲ್ಲ. ಋಕ್ಕುಗಳ ಅಕ್ಷರರಾಶಿ 36 ಅಕ್ಷರದ ಬೃಹತಿಗಳ ಲೆಕ್ಕದಲ್ಲಿ 12,000. ಅದನ್ನು 40 ಅಕ್ಷರದ ಪಂಕ್ತಿಗಳಾಗಿ ಬಿಡಿಸಿದರೆ ಮತ್ತೆ 10,800. ಇಟ್ಟಿಗೆ, ಹೊತ್ತು, ಅಕ್ಷರ ಮೂರೂ ನೆಂಟರು. ಕಾಲದ ಒಂದು ಚೂರನ್ನೂ ನೆಲಕ್ಕೆ ಬೀಳಗೊಡಬಾರದೆಂಬ ಹಟ ಈ ಎಣಿಕೆಯಲ್ಲಿದೆ. 1975ರ ಏಪ್ರಿಲ್‌ನಲ್ಲಿ ಕೇರಳದ ಪಾಂಜಾಳಿನಲ್ಲಿ ನಂಬೂದಿರಿಗಳು ಹನ್ನೆರಡು ದಿನ ಅಗ್ನಿಚಯನ ನಡೆಸಿದರು, ವಿದ್ವಾಂಸ ಫ್ರಿಟ್ಸ್ ಸ್ಟಾಲ್ ಅದರ ಚಿತ್ರೀಕರಣ ಏರ್ಪಡಿಸಿದರು. ಅವರದು ಕೃಷ್ಣ ಯಜುರ್ವೇದದ ಪರಂಪರೆ, ವಿವರಗಳು ಬೇರೆ. ಆದರೂ ಆ ಚಿತ್ರ ನೋಡಿದವರಿಗೆ ಈ ಐದು ಕಾಂಡಗಳು ಕಣ್ಣೆದುರು ಎದ್ದು ನಿಲ್ಲುತ್ತವೆ.

ಹತ್ತನೆಯ ಕಾಂಡಕ್ಕೆ ಅಗ್ನಿರಹಸ್ಯವೆಂದು ಹೆಸರು. ಸರಿಯಾದ ಎಣಿಕೆಯಲ್ಲಿ ಇಟ್ಟಿಗೆಯಿಟ್ಟು ದೇವತೆಗಳು ಅಮರರಾದಾಗ ಮೃತ್ಯು ಕೇಳಿತಂತೆ: ಹೀಗಾದರೆ ಮನುಷ್ಯರೂ ಅಮರರಾಗುತ್ತಾರೆ, ಆಮೇಲೆ ನನಗೇನು ಪಾಲು? ಇನ್ನು ಮುಂದೆ ಯಾರೂ ಶರೀರದೊಡನೆ ಅಮರರಾಗುವುದಿಲ್ಲ, ಶರೀರ ನಿನ್ನದು ಎಂದರು ದೇವತೆಗಳು. ಅದೇ ಕಾಂಡದ ಕೊನೆಗೆ ಶಾಂಡಿಲ್ಯರ ಉಪದೇಶ ಬರುತ್ತದೆ. ಎದೆಯೊಳಗಿನ ಪುರುಷ ಭತ್ತದ ಕಾಳಿನಷ್ಟು, ಜವೆಯಷ್ಟು, ಸಾಮೆಯಷ್ಟು, ಸಾಮೆಯ ಅಕ್ಕಿಯಷ್ಟು ಚಿಕ್ಕವನು, ಹೊಗೆಯಿಲ್ಲದ ಬೆಳಕಿನಂಥವನು, ಆಕಾಶಕ್ಕಿಂತ ದೊಡ್ಡವನು. ಮೊರದಲ್ಲಿ ಕೇರಿದ ಅದೇ ಕಾಳು ಒಂಬತ್ತು ಕಾಂಡಗಳ ದೂರ ನಡೆದು ಆತ್ಮದ ಅಳತೆಯಾಗಿದೆ. ಉಪನಿಷತ್ತು ಕರ್ಮವನ್ನು ಬಿಟ್ಟು ಹುಟ್ಟಿದ್ದಲ್ಲ, ಕರ್ಮವನ್ನು ಅರೆದು ಅರೆದು ಬಂದದ್ದು ಎನ್ನಲು ಇದಕ್ಕಿಂತ ಹೆಚ್ಚಿನ ಸಾಕ್ಷಿ ನನಗೆ ಬೇಕಿಲ್ಲ.

ನಮ್ಮ ನಾಡಿನ ಸಾಯಣಾಚಾರ್ಯರು ವಿಜಯನಗರದ ಬುಕ್ಕರಾಯನ ಆಶ್ರಯದಲ್ಲಿ ವೇದಭಾಷ್ಯಕ್ಕೆ ಕೂತಾಗ ಋಗ್ವೇದವನ್ನು ಮೊದಲು ಎತ್ತಿಕೊಳ್ಳಲಿಲ್ಲ, ತೈತ್ತಿರೀಯ ಯಜುಸ್ಸಿನಿಂದ ತೊಡಗಿದರು. ಯಜುರ್ವೇದ ಗೋಡೆ, ಋಕ್ಕು ಸಾಮಗಳೆರಡೂ ಅದರ ಮೇಲಿನ ಚಿತ್ರ ಎಂಬುದು ಅವರ ಸಮರ್ಥನೆ. ಶತಪಥಕ್ಕೂ ಅವರ ಹೆಸರಿನ ಭಾಷ್ಯವಿದೆ. ಪಶ್ಚಿಮದಲ್ಲಿ ಆಲ್ಬ್ರೆಕ್ಟ್ ವೇಬರ್ ಮಾಧ್ಯಂದಿನ ಪಾಠವನ್ನು 1855ರಲ್ಲಿ ಅಚ್ಚುಮಾಡಿಸಿದ. ಜೂಲಿಯಸ್ ಎಗ್ಗೆಲಿಂಗ್ 1882ರಿಂದ 1900ರವರೆಗೆ ಐದು ಸಂಪುಟಗಳಲ್ಲಿ ಅದನ್ನು ಇಂಗ್ಲಿಷಿಗೆ ತಂದ. ಮೊದಲ ಸಂಪುಟದ ಮುನ್ನುಡಿಯಲ್ಲಿ ಅವನೇ, ಬೆರಳೆಣಿಕೆಯ ತಜ್ಞರ ಹೊರತು ಇಂಥ ಗ್ರಂಥಗಳಲ್ಲಿ ಯಾರಿಗೂ ಆಸಕ್ತಿ ಹುಟ್ಟುವುದು ಕಷ್ಟ ಎಂಬರ್ಥದ ಮಾತು ಬರೆದಿದ್ದ. 1897ರ ಸಂಪುಟಕ್ಕೆ ಬರುವ ಹೊತ್ತಿಗೆ ಪ್ರಜಾಪತಿಯ ತತ್ತ್ವವನ್ನು ಎಷ್ಟು ಶ್ರದ್ಧೆಯಿಂದ ಬಿಡಿಸಿಟ್ಟಿದ್ದಾನೆಂದರೆ, ಗ್ರಂಥವೇ ಅನುವಾದಕನನ್ನು ತಿದ್ದಿತು ಎನಿಸುತ್ತದೆ.

ಒಂದು ಮಾತನ್ನು ಹೇಳದೆ ಮುಂದೆ ಹೋದರೆ, ನೀರು ಮುಟ್ಟಿ ಸತ್ಯಕ್ಕೆ ಹೊರಡುವ ಗ್ರಂಥದ ಬಗ್ಗೆ ಮಾತಾಡುವ ಅರ್ಹತೆ ನನಗಿರುವುದಿಲ್ಲ. ಸೋಮಯಾಗದ ದೀಕ್ಷಿತ ಶೂದ್ರನೊಡನೆ ನೇರ ಮಾತಾಡಬಾರದು, ಮಾತಾಡಲೇಬೇಕಾದರೆ ಇನ್ನೊಬ್ಬರ ಮೂಲಕ ಹೇಳಿಸಬೇಕು ಎಂದು ಮೂರನೆಯ ಕಾಂಡ ಹೇಳುತ್ತದೆ. ಪ್ರವರ್ಗ್ಯದ ಪ್ರಕರಣದಲ್ಲಿ ಹೆಣ್ಣು, ಶೂದ್ರ, ನಾಯಿ, ಕಾಗೆ ಅನೃತ, ಅವರನ್ನು ನೋಡಬಾರದು ಎಂದಿದೆ. ಇದನ್ನು ತಗ್ಗಿಸಿ ಹೇಳುವ, ಸಂಕೇತವೆಂದು ಜಾರಿಸುವ ಉಪನ್ಯಾಸಗಳನ್ನು ಕೇಳಿದ್ದೇನೆ. ನನ್ನಿಂದ ಅದು ಆಗದು. ಮೊರ ಮತ್ತು ಭತ್ತ ಒಂದನ್ನೊಂದು ಗುರುತಿಸಿ ನೋಯಿಸದಿರಲಿ ಎಂದು ಬಯಸಿದ ಗ್ರಂಥ, ಭತ್ತ ಬೆಳೆದವನನ್ನೂ ಕುಟ್ಟಿದವಳನ್ನೂ ಗುರುತಿಸದೆ ಹೋಯಿತು. ನಂಟಿನ ವಿದ್ಯೆ ಅಲ್ಲಿಯೇ ಸೋತಿತು. ಹವಿಸ್ಸು ಸಿದ್ಧಮಾಡುವವರನ್ನು ಕರೆಯುವ ಕೂಗಿಗೆ ಹಿಂದೆ ಯಜಮಾನನ ಹೆಂಡತಿಯೇ ಎದ್ದು ಬರುತ್ತಿದ್ದಳು ಎಂದು ಮೊದಲ ಕಾಂಡವೇ ನೆನೆಸಿಕೊಳ್ಳುತ್ತದೆ. ಅದೇ ಕೂಗಿನಲ್ಲಿ ಶೂದ್ರನನ್ನು ಕರೆಯುವ ಬಗೆಯನ್ನೂ ಹೇಳುತ್ತದೆ. ಅಂದರೆ ಇನ್ನೂ ಹಿಂದೆ ಬಾಗಿಲು ಇಷ್ಟು ಮುಚ್ಚಿರಲಿಲ್ಲ ಎಂದು ನಾನು ಓದಿಕೊಳ್ಳುತ್ತೇನೆ.

ಹನ್ನೊಂದನೆಯ ಕಾಂಡದಲ್ಲಿ ವಿದೇಹದ ಜನಕ ಯಾಜ್ಞವಲ್ಕ್ಯರನ್ನು ಕೇಳುತ್ತಾನೆ, ಅಗ್ನಿಹೋತ್ರ ಬಲ್ಲಿರಾ ಎಂದು. ಬಲ್ಲೆ ಮಹಾರಾಜ, ಅದು ಹಾಲು. ಹಾಲಿಲ್ಲದಿದ್ದರೆ? ಅಕ್ಕಿ, ಜವೆ. ಅವೂ ಇಲ್ಲದಿದ್ದರೆ? ಬೇರೆ ಧಾನ್ಯ. ಅದೂ ಇಲ್ಲದಿದ್ದರೆ? ಕಾಡಿನಲ್ಲಿ ತಾನಾಗಿ ಬೆಳೆದದ್ದು. ಅದೂ ಇಲ್ಲದಿದ್ದರೆ? ಮರದ ಹಣ್ಣು. ಅದೂ ಇಲ್ಲದಿದ್ದರೆ? ನೀರು. ನೀರೂ ಇಲ್ಲದಿದ್ದರೆ? ಆಗ ಇಲ್ಲಿ ಏನೂ ಇರುತ್ತಿರಲಿಲ್ಲ, ಆದರೂ ಹೋಮ ನಡೆಯುತ್ತಿತ್ತು, ಶ್ರದ್ಧೆಯಲ್ಲಿ ಸತ್ಯವನ್ನು ಹೋಮಿಸಲಾಗುತ್ತಿತ್ತು ಎಂದರು ಯಾಜ್ಞವಲ್ಕ್ಯರು. ಜನಕ ನೂರು ಹಸು ಕೊಟ್ಟ. ಮೊದಲ ಕಾಂಡದಲ್ಲಿ ನೀರು ಮುಟ್ಟಿ ಸತ್ಯಕ್ಕೆ ಹೊರಟವನ ಕೈಯಲ್ಲಿ ಇಲ್ಲಿ ನೀರೂ ಉಳಿದಿಲ್ಲ.

ಗ್ರಂಥ ಮುಗಿಯುವುದು ಬೃಹದಾರಣ್ಯಕದ ವಂಶಬ್ರಾಹ್ಮಣದಿಂದ, ಯಾರು ಯಾರಿಂದ ಈ ವಿದ್ಯೆ ಕಲಿತರೆಂಬ ಹೆಸರುಗಳ ಸಾಲಿನಿಂದ. ವೇದಪಾಠದವರು ಇದನ್ನು ಒಂದೇ ಉಸಿರಿಗೆ ಹೇಳಿ ಮುಗಿಸುತ್ತಾರೆ, ಓದುಗರು ಹಾಳೆ ತಿರುವಿಬಿಡುತ್ತಾರೆ. ಇವತ್ತು ನಿಮ್ಮ ಮುಂದೆ ಕೆಲವು ಹೆಸರುಗಳನ್ನಾದರೂ ನಿಧಾನವಾಗಿ ಹೇಳಬೇಕೆನಿಸಿದೆ. ಹೆಣ್ಣನ್ನು ನೋಡಬಾರದೆಂದ ಕಾಂಡದ ಕೊನೆಯ ಪುಟವೇ ಇದು, ಇಲ್ಲಿ ಗುರುಗಳಿಗೆ ಹೆಸರು ಬಂದಿರುವುದು ತಾಯಂದಿರಿಂದ. ಕಾಣ್ವ ಪಾಠದಲ್ಲಿ ಪೌತಿಮಾಷಿಯ ಮಗ ಕಲಿತದ್ದು ಕಾತ್ಯಾಯನಿಯ ಮಗನಿಂದ. ಕಾತ್ಯಾಯನಿಯ ಮಗ ಕಲಿತದ್ದು ಗೌತಮಿಯ ಮಗನಿಂದ. ಗೌತಮಿಯ ಮಗ ಕಲಿತದ್ದು ಭಾರದ್ವಾಜಿಯ ಮಗನಿಂದ. ಭಾರದ್ವಾಜಿಯ ಮಗ ಕಲಿತದ್ದು ಪಾರಾಶರಿಯ ಮಗನಿಂದ.